ಮಳಲುಸೀಮೆ: ಪದೇ ಪದೇ ಕೇಳುವ ಪ್ರಶ್ನೆಗಳು

ಮಳಲುಸೀಮೆ ಎಂಬುದು ನಾವು ಕೆಲವು ಗೆಳೆಯರು ಮಂಡ್ಯದಲ್ಲಿ ಕುಳಿತು ಕಟ್ಟುತ್ತಿರುವ ಕಲ್ಪನೆಯ ಮರುಭೂಮಿ. ಅದರ ನಕ್ಷೆ, ಊರು, ದೇವರು, ಜಗಳ ಎಲ್ಲವೂ ನಮ್ಮ ಸೃಷ್ಟಿ. ಅಲ್ಲಿ ನಡೆಯುವ ಕಥೆಗಳನ್ನು ಓದಿದವರು, ಸಂಜೆ ಸೇರಿ ಒಂದೊಂದು ಪಾತ್ರ ವಹಿಸಿಕೊಂಡು ಆಡಿದವರು, ಬೇಸಿಗೆ ರಜೆಯಲ್ಲಿ ಕೇಳಿಸಿಕೊಂಡ ಮಕ್ಕಳು ಮತ್ತೆ ಮತ್ತೆ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರಿಸಿದ್ದೇನೆ. ಕಥೆಯ ಲೋಕದ ಮಾತು ಯಾವುದು, ನಾವು ಬದುಕಿರುವ ಲೋಕದ ಸಂಗತಿ ಯಾವುದು ಎಂಬುದು ಗೊಂದಲವಾಗದಂತೆ ಬರೆಯಲು ಪ್ರಯತ್ನಿಸಿದ್ದೇನೆ.

ಮಳಲುಸೀಮೆ ಎಲ್ಲಿದೆ? ಎಷ್ಟು ದೊಡ್ಡದು?

ನಮ್ಮ ನಕ್ಷೆಯಲ್ಲಿ ಪಡುವಣ ಕಡಲಿನ ಪಕ್ಕಕ್ಕೆ ತೋಯ್ನಾಡು ಇದೆ. ವರ್ಷದ ಅರ್ಧ ಮಳೆ ಬೀಳುವ ನಾಡು ಅದು. ಅದರ ಬೆನ್ನಿಗೆ ಕರಿಗೋಡು ಎಂಬ ಬೆಟ್ಟಸಾಲು. ಆ ಸಾಲನ್ನು ಇಳಿದು ಮೂಡಣಕ್ಕೆ ನಡೆದರೆ ಮೊದಲು ಕುರುಚಲು ಕಾಡು, ಆಮೇಲೆ ಹುಲ್ಲುಗಾವಲು, ಅದೂ ಮುಗಿದ ಮೇಲೆ ಮಳಲುಸೀಮೆ. ಅಗಲ ನಲವತ್ತು ಗಾವುದ, ಉದ್ದ ಅದರ ಎರಡರಷ್ಟು. ಭಾರ ಹೊತ್ತ ಎತ್ತುಗಳ ಸಾಲು ಅಡ್ಡಲಾಗಿ ದಾಟಲು ಎರಡು ತಿಂಗಳು ಹಿಡಿಯುತ್ತದೆ. ದಾರಿ ನೇರವಾಗಿಲ್ಲದಿರುವುದೇ ಇದಕ್ಕೆ ಕಾರಣ. ಅಲ್ಲಿನ ದಾರಿಗಳು ಬಾವಿಯಿಂದ ಬಾವಿಗೆ ಹೋಗುತ್ತವೆ, ಊರಿಂದ ಊರಿಗಲ್ಲ.

ಕಾವೇರಿ ನಾಲೆಯ ಬದಿಯಲ್ಲಿ ಬೆಳೆದವರಿಗೆ ಮರುಭೂಮಿಯ ಕಥೆ ಏಕೆ?

ಈ ಪ್ರಶ್ನೆಯನ್ನು ಎಲ್ಲರಿಗಿಂತ ಹೆಚ್ಚಾಗಿ ಕೇಳುವವರು ನಮ್ಮ ಜಿಲ್ಲೆಯವರೇ. ಗದ್ದೆ, ಕಬ್ಬು, ಆಲೆಮನೆ ಇರುವಲ್ಲಿ ಕುಳಿತು ಮರಳಿನ ಬಗ್ಗೆ ಬರೆಯುವುದು ಅವರಿಗೆ ವಿಚಿತ್ರವಾಗಿ ಕಾಣುತ್ತದೆ.

ಆದರೆ ಈ ಹಸಿರಿಗೆ ಇನ್ನೂ ನೂರು ವರ್ಷ ತುಂಬಿಲ್ಲ. ಕೃಷ್ಣರಾಜಸಾಗರದ ಕೆಲಸ 1911ರಲ್ಲಿ ಆರಂಭವಾಗಿ 1930ರ ದಶಕದ ಮೊದಲ ವರ್ಷಗಳಲ್ಲಿ ಮುಗಿಯಿತು. ಈಗ ನಾವು ವಿಶ್ವೇಶ್ವರಯ್ಯ ನಾಲೆ ಎನ್ನುವ ಇರ್ವಿನ್ ನಾಲೆ ಹುಲಿಕೆರೆಯ ಸುರಂಗ ದಾಟಿ ಈ ಕಡೆಗೆ ಹರಿದದ್ದು ಆಗಲೇ. ಸಕ್ಕರೆ ಕಾರ್ಖಾನೆ ಬಂದದ್ದು 1933ರಲ್ಲಿ. ಅದಕ್ಕೆ ಮೊದಲು ಇಲ್ಲಿನ ಬಹುಪಾಲು ನೆಲ ರಾಗಿ, ಹುರುಳಿ ಬೆಳೆಯುತ್ತ ಆಕಾಶ ನೋಡುತ್ತಿದ್ದ ಬೆದ್ದಲು. ಕೆರೆ ತುಂಬಿದರೆ ಉಂಟು, ಇಲ್ಲದಿದ್ದರೆ ಇಲ್ಲ. ನಾಲೆ ಬಂದ ಮೇಲೂ ನೀರಿನ ಚಿಂತೆ ನಮ್ಮನ್ನು ಬಿಟ್ಟಿಲ್ಲ. ಜೂನ್ ತಿಂಗಳಿಂದ ಇಲ್ಲಿನ ಪ್ರತಿ ಮನೆಯಲ್ಲೂ ಬೆಳಗಿನ ಪತ್ರಿಕೆಯಲ್ಲಿ ಅಣೆಕಟ್ಟೆಯ ನೀರಿನ ಮಟ್ಟ ನೋಡುತ್ತಾರೆ. ಕಟ್ಟೆ ತುಂಬಿದಾಗಿನ ಮಟ್ಟವಾದ 124.80 ಅಡಿ ಎಂಬ ಅಂಕಿ ಶಾಲೆಯ ಮಕ್ಕಳಿಗೂ ಬಾಯಿಪಾಠ. ಕಟ್ಟುನೀರು ಪದ್ಧತಿಯಲ್ಲಿ ಎಷ್ಟು ದಿನ ನೀರು ಬಿಡುತ್ತಾರೆ, ಎಷ್ಟು ದಿನ ನಿಲ್ಲಿಸುತ್ತಾರೆ ಎಂಬುದರ ಮೇಲೆ ಮದುವೆಯ ಖರ್ಚು ನಿರ್ಧಾರವಾಗುವ ಮನೆಗಳಿವೆ.

ಮರುಭೂಮಿಯ ಕಥೆ ನಿಜವಾಗಿ ನೀರಿನ ಕಥೆ. ನೀರನ್ನು ಅಳೆದು, ಕಾದು, ಹಂಚಿಕೊಂಡು, ಅದಕ್ಕಾಗಿ ರಸ್ತೆಯಲ್ಲಿ ಕುಳಿತು ಬದುಕಿದ ಊರಿನವರು ಅದನ್ನು ಬರೆಯದಿದ್ದರೆ ಇನ್ನಾರು ಬರೆಯಬೇಕು?

ಹಾಗಾದರೆ ಮಳಲುಸೀಮೆ ಎಂದರೆ ತಲಕಾಡೇ?

ಅಲ್ಲ. ಆದರೆ ತಲಕಾಡು ಇಲ್ಲದಿದ್ದರೆ ಮಳಲುಸೀಮೆ ಹುಟ್ಟುತ್ತಿರಲಿಲ್ಲ.

ಮೈಸೂರಿನಿಂದ ಸುಮಾರು 45 ಕಿ.ಮೀ. ದೂರದಲ್ಲಿ, ತಿ. ನರಸೀಪುರ ತಾಲ್ಲೂಕಿನಲ್ಲಿ, ಕಾವೇರಿ ದೊಡ್ಡದಾಗಿ ತಿರುವು ತೆಗೆದುಕೊಳ್ಳುವ ಕಡೆ ತಲಕಾಡು ಇದೆ. ಗಂಗರ ರಾಜಧಾನಿಯಾಗಿದ್ದ ಊರು. ಆಮೇಲೆ ಚೋಳರ ವಶವಾಯಿತು. 12ನೆಯ ಶತಮಾನದ ಆರಂಭದಲ್ಲಿ ಹೊಯ್ಸಳ ವಿಷ್ಣುವರ್ಧನ ಅದನ್ನು ಗೆದ್ದು ತಲಕಾಡುಗೊಂಡ ಎಂದು ಬಿರುದು ಧರಿಸಿದ, ಕೀರ್ತಿನಾರಾಯಣ ದೇವಾಲಯ ಕಟ್ಟಿಸಿದ. ಇಷ್ಟು ದೊಡ್ಡ ಊರು ಮರಳಿನ ಕೆಳಗೆ ಹೋಯಿತು. ಇಂದಿಗೂ ಪಾತಾಳೇಶ್ವರ, ಮರಳೇಶ್ವರ ಗುಡಿಗಳಿಗೆ ಮರಳಿನ ನಡುವೆ ಕೆಳಗಿಳಿದು ಹೋಗಬೇಕು.

ಅದಕ್ಕೆ ಕಾರಣವೇನು ಎಂದು ನಮ್ಮ ಕಡೆ ಯಾರನ್ನು ಕೇಳಿದರೂ ಅಲಮೇಲಮ್ಮನ ಶಾಪ ಹೇಳುತ್ತಾರೆ. 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣವನ್ನು ವಶಪಡಿಸಿಕೊಂಡರು. ಅಲ್ಲಿ ವಿಜಯನಗರದ ಪ್ರತಿನಿಧಿಯಾಗಿದ್ದ ತಿರುಮಲರಾಯನ ಹೆಂಡತಿ ಅಲಮೇಲಮ್ಮ, ಒಡವೆಗಳಿಗಾಗಿ ಬೆನ್ನಟ್ಟಿ ಬಂದವರ ಕಣ್ಣೆದುರೇ ‘ತಲಕಾಡು ಮರಳಾಗಲಿ, ಮಾಲಂಗಿ ಮಡುವಾಗಲಿ, ಮೈಸೂರು ದೊರೆಗಳಿಗೆ ಮಕ್ಕಳಾಗದಿರಲಿ’ ಎಂದು ಶಪಿಸಿ ಹೊಳೆಗೆ ಹಾರಿದಳು ಎಂಬುದು ಐತಿಹ್ಯ. ಸಂಶೋಧಕರು ಕೊಡುವ ಒಂದು ವಿವರಣೆ ಬೇರೆ. 14ನೆಯ ಶತಮಾನದಲ್ಲಿ ಇದೇ ತಲಕಾಡಿನ ಬಳಿ ಮಾಧವಮಂತ್ರಿ ಕಟ್ಟೆ ಎದ್ದಿತು. ಹೊಳೆಯ ಹರಿವು ಬದಲಾಗಿ, ಬೇಸಿಗೆಯಲ್ಲಿ ತಿರುವಿನ ಮರಳು ಬಯಲಾಗತೊಡಗಿತು. ಅದನ್ನು ಗಾಳಿ ವರ್ಷ ವರ್ಷ ಎತ್ತಿ ಊರಿನ ಮೇಲೆ ಸುರಿಯಿತು.

ಈ ಎರಡು ಕಥೆಗಳಲ್ಲಿ ಒಂದನ್ನು ಆರಿಸಿ ಇನ್ನೊಂದನ್ನು ಬಿಡಬೇಕೆಂದು ನನಗೆ ಎಂದೂ ಅನಿಸಿಲ್ಲ. ಒಂದರಲ್ಲಿ ಅನ್ಯಾಯಕ್ಕೆ ಒಳಗಾದ ಹೆಂಗಸಿನ ಮಾತಿದೆ, ಇನ್ನೊಂದರಲ್ಲಿ ಕಟ್ಟೆಯಿದೆ. ಎರಡರಲ್ಲೂ ಯಾರೋ ಮಾಡಿದ ಕೆಲಸಕ್ಕೆ ಇನ್ನಾರದೋ ಊರು ಮರಳಾಗುತ್ತದೆ. ಮಳಲುಸೀಮೆಯ ಬೀಜ ಅಲ್ಲಿದೆ. ನಮ್ಮ ನಕ್ಷೆಯಲ್ಲಿ ಬಡಗಣ ಮಳಲುಸೀಮೆ ಹುಟ್ಟುಮರುಭೂಮಿ, ಬೆಟ್ಟ ಮತ್ತು ಗಾಳಿ ಮಾಡಿದ್ದು. ತೆಂಕಣ ಮಳಲುಸೀಮೆ ಏಳು ತಲೆಮಾರಿನ ಹಿಂದೆ ಗದ್ದೆಬಯಲಾಗಿತ್ತು, ಅದನ್ನು ಮರಳು ಮಾಡಿದ್ದು ಮನುಷ್ಯರು.

ಅಲ್ಲಿ ಮಳೆ ಏಕೆ ಬರುವುದಿಲ್ಲ?

ಪಶ್ಚಿಮ ಘಟ್ಟವನ್ನು ನೋಡಿದವರಿಗೆ ಇದು ಕಷ್ಟವಲ್ಲ. ಕಡಲಿನ ಗಾಳಿ ಬೆಟ್ಟ ಏರುವಾಗ ತಣಿದು ನೀರೆಲ್ಲ ಸುರಿಯುತ್ತದೆ. ಆಚೆ ಇಳಿಯುವಾಗ ಬಿಸಿಯಾಗುತ್ತದೆ, ಉಳಿದ ತೇವವೂ ಮಳೆಯಾಗುವುದಿಲ್ಲ. ಆಗುಂಬೆಯಲ್ಲಿ ವರ್ಷಕ್ಕೆ 7000 ಮಿ.ಮೀ.ಗೂ ಹೆಚ್ಚು ಮಳೆಯಾದರೆ ಮಂಡ್ಯದಲ್ಲಿ ಸುಮಾರು 700 ಮಿ.ಮೀ. ಘಟ್ಟದ ಮಳೆನೆರಳಿನಲ್ಲಿ ನಾವು ಬದುಕುತ್ತಿದ್ದೇವೆ. ಮಳಲುಸೀಮೆಯ ಕರಿಗೋಡು ನಮ್ಮ ಘಟ್ಟಕ್ಕಿಂತ ಬಹಳ ಎತ್ತರ, ಮೂಡಣದಿಂದ ಬರಬಹುದಾಗಿದ್ದ ಮಳೆಗೂ ಅಲ್ಲಿ ದೂರ ಹೆಚ್ಚು. ಸಾಮಾನ್ಯವಾಗಿ ವರ್ಷಕ್ಕೆ 250 ಮಿ.ಮೀ.ಗಿಂತ ಕಡಿಮೆ ಮಳೆಯಾಗುವ ನೆಲವನ್ನು ಮರುಭೂಮಿ ಎನ್ನುತ್ತಾರೆ. ಮಳಲುಸೀಮೆಯ ನಡುಭಾಗಕ್ಕೆ ನಾವು ಅದರ ಮೂರನೆಯ ಒಂದು ಪಾಲನ್ನೂ ಕೊಟ್ಟಿಲ್ಲ, ಅದೂ ಎರಡು ಮೂರು ವರ್ಷಕ್ಕೊಮ್ಮೆ ಒಂದೇ ದಿನದಲ್ಲಿ ಬೀಳುತ್ತದೆ. ಆ ದಿನ ಒಣಹಳ್ಳಗಳಲ್ಲಿ ಪ್ರವಾಹ ಬಂದು ಜನ ಕೊಚ್ಚಿಹೋಗುತ್ತಾರೆ. ಮರುಭೂಮಿಯಲ್ಲಿ ನೀರಿನಿಂದ ಸಾವು ಎಂದರೆ ಮಕ್ಕಳು ನಂಬುವುದಿಲ್ಲ. ಆದರೆ ನಮ್ಮ ಲೋಕದ ಮರುಭೂಮಿಗಳಲ್ಲೂ ಹಠಾತ್ ಪ್ರವಾಹಕ್ಕೆ ಸಿಕ್ಕವರಿದ್ದಾರೆ.

ಎಲ್ಲಿ ನೋಡಿದರೂ ಮರಳೇ ಇದೆಯೇ?

ಇಲ್ಲ. ಐದರಲ್ಲಿ ಒಂದು ಪಾಲು ಮಾತ್ರ ಮರಳು. ಉಳಿದದ್ದು ಜಲ್ಲಿಕಲ್ಲಿನ ಬಯಲು, ಬರೀ ಬಂಡೆ, ಉಪ್ಪು. ಸಹಾರಾ ಕೂಡ ಹಾಗೆಯೇ, ಅದರ ಹೆಚ್ಚಿನ ಭಾಗ ಕಲ್ಲಿನ ನೆಲ. ಚಿತ್ರಗಳಲ್ಲಿ ಮರಳುದಿಬ್ಬವನ್ನೇ ತೋರಿಸುವುದರಿಂದ ನಮಗೆ ಬೇರೆ ಕಲ್ಪನೆ ಬಂದಿದೆ.

ದಿಬ್ಬಗಳ ವಿಚಾರದಲ್ಲಿ ನಾನು ಸ್ವಲ್ಪ ಹಟಮಾರಿ. ನಕ್ಷೆಯ ಮೇಲೆ ಯಾರಾದರೂ ಮನಸ್ಸಿಗೆ ಬಂದಂತೆ ದಿಬ್ಬ ಬರೆದರೆ ಅಳಿಸುತ್ತೇನೆ. ಗಾಳಿ ಒಂದೇ ದಿಕ್ಕಿನಿಂದ ಬೀಸಿ ಮರಳು ಕಡಿಮೆಯಿದ್ದರೆ ಅರ್ಧಚಂದ್ರದ ಆಕಾರದ ದಿಬ್ಬ ಏಳುತ್ತದೆ, ಅದರ ಎರಡು ಕೊಂಬುಗಳು ಗಾಳಿ ಹೋಗುವ ಕಡೆಗೆ ಚಾಚಿರುತ್ತವೆ. ಹಲವು ದಿಕ್ಕಿನ ಗಾಳಿ ಸೇರುವಲ್ಲಿ ನಕ್ಷತ್ರದ ಆಕಾರದವು ಏಳುತ್ತವೆ, ಅವು ಎತ್ತರಕ್ಕೆ ಬೆಳೆಯುತ್ತವೆಯೇ ಹೊರತು ಜಾಗ ಬಿಟ್ಟು ಹೆಚ್ಚು ಸರಿಯುವುದಿಲ್ಲ. ದಿಬ್ಬದ ಗಾಳಿಮರೆಯ ಬದಿ ಕಣದಲ್ಲಿ ಸುರಿದ ರಾಗಿಯ ರಾಶಿಯಂತೆ ತನ್ನದೇ ಓರೆಯನ್ನು ಹಿಡಿದು ನಿಲ್ಲುತ್ತದೆ. ಒಣಮರಳಿಗೆ ಆ ಓರೆ ಸುಮಾರು 34 ಡಿಗ್ರಿ. ಅದಕ್ಕಿಂತ ಕಡಿದಾದರೆ ಜಾರುತ್ತದೆ. ಸಣ್ಣ ದಿಬ್ಬಗಳು ದೊಡ್ಡವುಗಳಿಗಿಂತ ಬೇಗ ಚಲಿಸುತ್ತವೆ, ವರ್ಷಕ್ಕೆ ಹತ್ತಾರು ಮೀಟರ್ ಸರಿಯುವವೂ ಇವೆ.

ಇದೆಲ್ಲ ಕಥೆಗೆ ಏಕೆ ಬೇಕು ಎಂದರೆ, ದಾರಿ ತಪ್ಪಿದ ಹುಡುಗಿ ದಿಬ್ಬದ ಕೊಂಬು ನೋಡಿ ದಿಕ್ಕು ತಿಳಿಯುತ್ತಾಳೆ. ದಿಬ್ಬ ಸರಿದು ಹೋದ ವರ್ಷ ಅಜ್ಜನ ಮನೆಯ ಸೂರು ಹೊರಗೆ ಬರುತ್ತದೆ, ಮುಂದಿನ ದಿಬ್ಬ ಬರುವುದರೊಳಗೆ ಮೊಮ್ಮಕ್ಕಳು ಒಳಗೆ ಹೋಗಿ ನೋಡಿ ಬರುತ್ತಾರೆ.

ನೀರು ಎಲ್ಲಿಂದ ಬರುತ್ತದೆ?

ಮೂರು ಕಡೆಯಿಂದ.

ಮೊದಲನೆಯದು ಅರೆಹೊಳೆ. ಕರಿಗೋಡಿನಲ್ಲಿ ಹುಟ್ಟಿ ಮೂಡಣಕ್ಕೆ ಹರಿದು, ಕಡಲು ಸೇರದೆ, ಉಪ್ಪಿನ ಬಯಲಿನಲ್ಲಿ ಇಂಗಿಹೋಗುವ ನದಿ. ನದಿ ಎಂದಮೇಲೆ ಸಮುದ್ರ ಸೇರಲೇಬೇಕಲ್ಲವೇ ಎಂದು ಹಲವರು ಕೇಳಿದ್ದಾರೆ. ಸೇರಬೇಕಿಲ್ಲ. ರಾಜಸ್ಥಾನದ ಲೂನಿ ನದಿ ಕಛ್‌ನ ರಣ್‌ನಲ್ಲಿ ಕೊನೆಯಾಗುತ್ತದೆ. ಆಫ್ರಿಕಾದ ಒಕವಾಂಗೊ ಬೋಟ್ಸ್ವಾನಾದ ಒಣನೆಲದಲ್ಲಿ ಹರಡಿಕೊಂಡು ಅಲ್ಲಿಯೇ ಮುಗಿಯುತ್ತದೆ.

ಎರಡನೆಯದು ನೆಲದಾಳದ ಹಳೆಯ ನೀರು. ಮಳಲುಸೀಮೆಯ ಬಂಡೆಗಳ ಮೇಲೆ ದೋಣಿಗಳ ಚಿತ್ರಗಳಿವೆ, ದೋಣಿ ಎಂದರೇನೆಂದು ಅಲ್ಲಿನ ಮಕ್ಕಳಿಗೆ ತಿಳಿಯದು. ಇದನ್ನು ಸಹಾರಾದಿಂದ ಕಲಿತೆವು. ಸುಮಾರು 11,000ದಿಂದ 5,000 ವರ್ಷಗಳ ಹಿಂದೆ, ಭೂಮಿಯ ಓಲಾಟದಿಂದಾಗಿ ಮುಂಗಾರು ಇನ್ನೂ ಬಡಗಣಕ್ಕೆ ತಲುಪುತ್ತಿದ್ದಾಗ, ಸಹಾರಾದಲ್ಲಿ ಕೆರೆಗಳೂ ಹುಲ್ಲುಗಾವಲೂ ಇದ್ದವು. ಅಲ್ಜೀರಿಯಾದ ತಾಸಿಲಿ ಬಂಡೆಗಳ ಮೇಲೆ ದನಗಳನ್ನೂ ನೀರಾನೆಗಳನ್ನೂ ಬಿಡಿಸಿದ್ದಾರೆ. ಆ ಕಾಲದ ನೀರು ಇನ್ನೂ ನೆಲದಾಳದಲ್ಲಿದೆ. ತೆಗೆದರೆ ಮತ್ತೆ ತುಂಬುವುದಿಲ್ಲ, ತುಂಬಿಸಲು ಮಳೆಯಿಲ್ಲ. ಮಳಲುಸೀಮೆಯವರು ಅದನ್ನು ಹಿರಿಯರ ನೀರು ಎನ್ನುತ್ತಾರೆ, ಬರಗಾಲದಲ್ಲಿ ಮಾತ್ರ ಮುಟ್ಟುತ್ತಾರೆ.

ಮೂರನೆಯದು ಸುರಂಗದ ನೀರು. ಬೆಟ್ಟದ ಬುಡದ ಅಂತರ್ಜಲಕ್ಕೆ ಬಾವಿ ತೋಡಿ, ಅಲ್ಲಿಂದ ಸಣ್ಣ ಇಳಿಜಾರಿನಲ್ಲಿ ನೆಲದೊಳಗೇ ಸುರಂಗ ಕೊರೆದು ಗಾವುದಗಟ್ಟಲೆ ದೂರದ ಊರಿಗೆ ನೀರು ತರುತ್ತಾರೆ. ನಡುನಡುವೆ ಗಾಳಿಗೂ ಹೂಳೆತ್ತಲಿಕ್ಕೂ ನೇರ ಬಾವಿಗಳು. ಇದನ್ನು ಓದಿದವರು ಪರ್ಷಿಯಾದಿಂದ ತಂದಿದ್ದೀರಿ ಎನ್ನುತ್ತಾರೆ. ಅಷ್ಟು ದೂರ ಹೋಗಬೇಕಿಲ್ಲ, ಬೀದರಿಗೆ ಹೋದರೆ ಸಾಕು. ಬಹಮನಿಗಳ ಕಾಲದಲ್ಲಿ, 15ನೆಯ ಶತಮಾನದಲ್ಲಿ ಕೊರೆದ ನೌಬಾದಿನ ಕರೇಜ್ ಇಂದಿಗೂ ನೋಡಲು ಸಿಗುತ್ತದೆ. ದಕ್ಷಿಣ ಕನ್ನಡ, ಕಾಸರಗೋಡಿನ ಗುಡ್ಡಗಳಲ್ಲಿ ಮುರಕಲ್ಲು ಕೊರೆದು ಮಾಡಿದ ಸುರಂಗಗಳಿಂದ ಇಂದಿಗೂ ತೋಟಕ್ಕೆ ನೀರು ಬರುತ್ತದೆ. ಕನ್ನಡದ ಓದುಗರಿಗೆ ಇವೆರಡೂ ಗೊತ್ತಿರಬೇಕು ಎಂಬ ಆಸೆಯಿಂದಲೇ ಸುರಂಗ ತೋಡುವ ಅಣ್ಣತಮ್ಮಂದಿರ ಕಥೆಯನ್ನು ಅಷ್ಟು ಉದ್ದ ಬರೆದೆ.

ಕೆರೆ ಏಕಿಲ್ಲ ಎಂದರೆ, ಆ ಬಿಸಿಲಿನಲ್ಲಿ ತೆರೆದ ನೀರು ವರ್ಷಕ್ಕೆ ಎರಡು ಮೀಟರ್‌ಗೂ ಹೆಚ್ಚು ಆಳ ಆವಿಯಾಗಿಯೇ ಹೋಗುತ್ತದೆ. ಅಲ್ಲಿ ನೀರು ಉಳಿಯಬೇಕಾದರೆ ನೆಲದೊಳಗೆ, ಕತ್ತಲಲ್ಲಿರಬೇಕು.

ನೀರುಗಂಟಿಯರು ಯಾರು? ಅವರಿಗೇಕೆ ಅಷ್ಟೊಂದು ಅಧಿಕಾರ?

ಇದು ನಾನು ತುಂಬ ಯೋಚಿಸಿ ಮಾಡಿದ ಭಾಗ, ಹಾಗಾಗಿ ಉತ್ತರ ಉದ್ದವಾಗುತ್ತದೆ.

ನಮ್ಮ ಸೀಮೆಯ ಕೆರೆಯೂರುಗಳಲ್ಲಿ ನೀರುಗಂಟಿ ಇರುತ್ತಿದ್ದ. ತೂಬು ಎತ್ತುವುದು, ಇಳಿಸುವುದು, ಯಾರ ಗದ್ದೆಗೆ ಯಾವಾಗ ಎಷ್ಟು ನೀರು ಎಂದು ಸರದಿ ನೋಡುವುದು, ರಾತ್ರಿ ಬದು ಒಡೆಯದಂತೆ ಕಾಯುವುದು ಅವನ ಕೆಲಸ. ಕೂಲಿ ಎಂದರೆ ಸುಗ್ಗಿಯಲ್ಲಿ ಪ್ರತಿ ಕಣದಿಂದ ಇಷ್ಟು ಕಾಳು. ಬಹಳ ಊರುಗಳಲ್ಲಿ ಇದು ದಲಿತ ಕುಟುಂಬಗಳಿಗೆ ತಲೆಮಾರಿನಿಂದ ಬಂದ ಕೆಲಸ. ಸ್ವಂತ ಗದ್ದೆ ಇಲ್ಲದವನಾದ್ದರಿಂದ ನೀರು ತನ್ನ ಕಡೆಗೆ ತಿರುಗಿಸಿಕೊಳ್ಳುವ ಆಸೆ ಅವನಿಗಿರಲಿಲ್ಲ. ಊರು ಅವನ ನಿಷ್ಪಕ್ಷಪಾತವನ್ನು ನಂಬಿತು, ಅವನ ಕೈಯಿಂದ ನೀರು ಪಡೆದು ಭತ್ತ ಬೆಳೆಯಿತು, ಆದರೆ ಅವನನ್ನು ಅದೇ ಊರಿನ ಬಾವಿಗೆ ಹತ್ತಿರ ಬಿಡಲಿಲ್ಲ. ಇದಕ್ಕಿಂತ ದೊಡ್ಡ ಅನ್ಯಾಯವನ್ನು ನಾನು ಕಲ್ಪಿಸಿಕೊಳ್ಳಲಾರೆ.

ಮಳಲುಸೀಮೆಯಲ್ಲಿ ಒಂದು ಸಂಗತಿಯನ್ನು ಮಾತ್ರ ತಿರುಗಿಸಿದೆ. ಅಲ್ಲೂ ನೀರುಗಂಟಿಗೆ ಭೂಮಿ ಇರುವಂತಿಲ್ಲ, ದನ ಇರುವಂತಿಲ್ಲ, ವ್ಯಾಪಾರ ಮಾಡುವಂತಿಲ್ಲ. ಆದರೆ ಅಲ್ಲಿ ಆಕೆ ಎದ್ದು ನಿಂತರೆ ಪಾಳೆಯಗಾರನೂ ಏಳಬೇಕು. ಆಕೆ ಎಂದೆ, ಏಕೆಂದರೆ ಅಲ್ಲಿ ನೀರುಗಂಟಿಯರೆಲ್ಲ ಹೆಂಗಸರು. ನೀರು ಹೊರುವ ಕೈಯೇ ನೀರು ಅಳೆಯಲಿ ಎಂಬುದು ಅವರ ನ್ಯಾಯ. ಊರಿನವರು ಅವರನ್ನು ವಯಸ್ಸು ನೋಡದೆ ದೊಡ್ಡವ್ವ ಎಂದು ಕರೆಯುತ್ತಾರೆ. ಇಪ್ಪತ್ತು ವರ್ಷದ ಹುಡುಗಿ ನೀರುಗಂಟಿಯಾದರೂ ಎಪ್ಪತ್ತರ ಮುದುಕ ‘ದೊಡ್ಡವ್ವ, ಈ ದಿನ ನಮ್ಮ ಪಾಲು ಯಾವಾಗ?’ ಎಂದೇ ಕೇಳುತ್ತಾನೆ.

ಅಳತೆ ಗಳಿಗೆಬಟ್ಟಲಿನಿಂದ. ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲನ್ನು ನೀರಿನ ಮೇಲೆ ತೇಲಿಬಿಟ್ಟರೆ, ಅದು ತುಂಬಿ ಮುಳುಗಲು ಹಿಡಿಯುವ ಕಾಲ ಒಂದು ಗಳಿಗೆ. ಅಂದರೆ 24 ನಿಮಿಷ, ದಿನಕ್ಕೆ 60 ಗಳಿಗೆ. ನಮ್ಮ ಹಿರಿಯರು ಮುಹೂರ್ತ ನೋಡುತ್ತಿದ್ದುದು ಹೀಗೆಯೇ, ಇರಾನಿನ ಹಳ್ಳಿಗಳಲ್ಲಿ ಸುರಂಗದ ನೀರಿನ ಪಾಲು ಅಳೆಯುತ್ತಿದ್ದುದೂ ಇಂಥದೇ ಬಟ್ಟಲಿನಿಂದ. ಮಳಲುಸೀಮೆಯಲ್ಲಿ ವರದಕ್ಷಿಣೆ, ದಂಡ, ಸಾಲ, ಸಂಬಳ ಎಲ್ಲವೂ ಗಳಿಗೆಯ ಲೆಕ್ಕದಲ್ಲಿದೆ. ಮಗಳಿಗೆ ಮೂರು ಗಳಿಗೆ ಕೊಟ್ಟೆವು ಎಂದರೆ ದೊಡ್ಡ ಮದುವೆ. ಬಟ್ಟಲಿನ ತೂತನ್ನು ದೊಡ್ಡದು ಮಾಡುವುದು ಅಲ್ಲಿನ ಅತಿ ದೊಡ್ಡ ಅಪರಾಧ, ಕೊಲೆಗಿಂತ ಹೆಚ್ಚಿನ ಶಿಕ್ಷೆ ಇದಕ್ಕೆ.

ಪ್ರತಿ ಬೆಳಗ್ಗೆ ನೀರುಗಂಟಿ ಮೂಲಬಾವಿಯ ಕಲ್ಲುಕಂಬದ ಗೆರೆ ನೋಡಿ ಊರಿಗೆ ಕೂಗಿ ಹೇಳುತ್ತಾಳೆ. ಈ ಪದ್ಧತಿ ಎಲ್ಲಿಂದ ಬಂತೆಂದು ಮಂಡ್ಯದವರಿಗೆ ನಾನು ಹೇಳಬೇಕಾಗಿಲ್ಲ.

ಮಂತ್ರವಾದಿಗಳು ಇದ್ದಾರಲ್ಲ, ಮಂತ್ರದಿಂದ ನೀರು ತರಿಸಬಹುದಲ್ಲ?

ಸಾಧ್ಯವಿಲ್ಲ. ಮಳಲುಸೀಮೆಯ ಮೊದಲ ನಿಯಮವೇ ಇದು: ಯಾವ ಮಂತ್ರವೂ ನೀರನ್ನು ಹುಟ್ಟಿಸುವುದಿಲ್ಲ, ಮಳೆ ಕರೆಯುವುದಿಲ್ಲ. ಒಬ್ಬನೇ ಒಬ್ಬ ಮಂತ್ರವಾದಿಗೆ ಅದು ಸಾಧ್ಯವಾದರೂ ಬಾವಿ, ಸುರಂಗ, ನೀರುಗಂಟಿ, ಗಳಿಗೆ ಎಲ್ಲವೂ ಬೇಡವಾಗುತ್ತವೆ, ಕಥೆ ಅಲ್ಲಿಗೆ ಮುಗಿಯುತ್ತದೆ.

ಇರುವುದು ನೀರಾಣೆ. ಹರಿಯುವ ನೀರಿನಲ್ಲಿ ಕೈಯಿಟ್ಟು ಆಡಿದ ಮಾತು ಕಟ್ಟುಬೀಳುತ್ತದೆ. ಅದನ್ನು ಮುರಿದವನಿಗೆ ಎಷ್ಟು ಕುಡಿದರೂ ದಾಹ ತೀರುವುದಿಲ್ಲ. ಸಾಯುವುದೂ ಇಲ್ಲ, ಬಾಯಾರಿಕೊಂಡೇ ಬದುಕುತ್ತಾನೆ. ಆಣೆಯ ಬಿಡುಗಡೆ ಆಣೆ ಪಡೆದವರ ಕೈಯಲ್ಲಿ ಮಾತ್ರ. ಪಾಳೆಯಗಾರರು ಒಪ್ಪಂದಕ್ಕೆ ಬಾವಿಯ ಬಳಿಗೇ ಬರುವುದು, ಮೋಸಗಾರರು ನಿಂತ ನೀರಿನಲ್ಲಿ ಕೈಯಿಟ್ಟು ಆಣೆ ಮಾಡಿದಂತೆ ನಟಿಸುವುದು, ಇವೆಲ್ಲ ಅಲ್ಲಿಂದ ಹುಟ್ಟಿದವು. ಗೆಳೆಯರಲ್ಲಿ ಕೆಲವರಿಗೆ ಬೆಂಕಿ ಉಗುಳುವ, ಕಲ್ಲು ಹಾರಿಸುವ ಮಂತ್ರಗಳೂ ಬೇಕಿದ್ದವು. ನಾನು ಒಪ್ಪಲಿಲ್ಲ. ನಮ್ಮ ಕಡೆಯ ಹಳೆಯ ಕಥೆಗಳಲ್ಲಿ ಸಿಡಿಲಿಗಿಂತ ಕೊಟ್ಟ ಮಾತು ಭಾರವಾದದ್ದು.

ಒಂಟೆ ಏಕಿಲ್ಲ?

ಒಂಟೆ ಅದ್ಭುತ ಪ್ರಾಣಿ. ಡುಬ್ಬದಲ್ಲಿರುವುದು ನೀರಲ್ಲ, ಕೊಬ್ಬು. ದೇಹತೂಕದ ಕಾಲು ಭಾಗದಷ್ಟು ನೀರು ಕಳೆದುಕೊಂಡರೂ ಅದು ನಡೆಯಬಲ್ಲದು, ನೀರು ಸಿಕ್ಕಾಗ ಹತ್ತು ಹದಿನೈದು ನಿಮಿಷದಲ್ಲಿ 100 ಲೀಟರ್ ಕುಡಿಯಬಲ್ಲದು. ಅಷ್ಟು ಸಮರ್ಥ ಪ್ರಾಣಿ ಇದ್ದರೆ ಬಾವಿಗಳ ನಡುವಿನ ದೂರ ಕಥೆಗೆ ಲೆಕ್ಕಕ್ಕೇ ಬರುವುದಿಲ್ಲ ಎಂಬುದು ಒಂದು ಕಾರಣ.

ಇನ್ನೊಂದು ಕಾರಣ, ನನಗೆ ಎತ್ತು ಬೇಕಿತ್ತು. ಹೈದರ್ ಮತ್ತು ಟಿಪ್ಪುವಿನ ಸೈನ್ಯದ ಫಿರಂಗಿಗಳನ್ನು ಎಳೆದ ಅಮೃತಮಹಲ್ ರಾಸುಗಳ ಓಟ, ತಾಳಿಕೆ ಹೆಸರಾದವು. ಹಳ್ಳಿಕಾರ್ ಜೋಡಿಯನ್ನು ಜಾತ್ರೆಯಲ್ಲಿ ನೋಡಿದವರಿಗೆ ಮತ್ತೆ ಹೇಳಬೇಕಾಗಿಲ್ಲ. ಮಳಲುಸೀಮೆಯ ಮಳಲೆತ್ತಿಗೆ ಅಗಲವಾದ ಗೊರಸು, ಉದ್ದ ರೆಪ್ಪೆ, ಬಿಳಿಚರ್ಮ ಕೊಟ್ಟಿದ್ದೇವೆ. ಆದರೂ ಅದು ಎತ್ತೇ, ದಿನಕ್ಕೆ ಹತ್ತಾರು ಲೀಟರ್ ನೀರು ಬೇಕು. ಸಾಲು ಹೊರಡುವ ಮುನ್ನ ಯಜಮಾನ ಮೊದಲು ಲೆಕ್ಕ ಹಾಕುವುದು ಎತ್ತಿನ ನೀರನ್ನು, ಆಮೇಲೆ ಮನುಷ್ಯರದನ್ನು. ಕುರಿಗಳು ಮಾತ್ರ ಬಾಲದಲ್ಲಿ ಕೊಬ್ಬು ಕೂಡಿಡುವ ಜಾತಿ, ಅಂಥವು ನಮ್ಮ ಲೋಕದ ಒಣನಾಡುಗಳಲ್ಲೂ ಇವೆ.

ಮುದ್ದೆ ಸಿಗುತ್ತದೆಯೇ?

ಹಬ್ಬಕ್ಕೆ ಸಿಗುತ್ತದೆ. ರಾಗಿಗೂ ಒಂದಷ್ಟು ಮಳೆ ಬೇಕು, ಅದು ಬೆಳೆಯುವುದು ಕರಿಗೋಡಿನ ಬುಡದಲ್ಲಿ. ಮಳಲುಸೀಮೆಯ ದಿನನಿತ್ಯದ ಊಟ ಸಜ್ಜೆರೊಟ್ಟಿ. ಸಜ್ಜೆ ಇನ್ನೂ ಕಡಿಮೆ ನೀರಿನಲ್ಲಿ, ಮರಳುನೆಲದಲ್ಲೂ ಬರುತ್ತದೆ, ರಾಜಸ್ಥಾನದ ಒಣಜಿಲ್ಲೆಗಳು ಅದನ್ನೇ ನಂಬಿವೆ. ಕಾಳನ್ನು ಹಗೇವಿನಲ್ಲಿ, ಅಂದರೆ ನೆಲದೊಳಗಿನ ಕಣಜದಲ್ಲಿ, ತುಂಬಿ ಬಾಯಿ ಮುಚ್ಚುತ್ತಾರೆ. ನಮ್ಮ ಅಜ್ಜಂದಿರ ಹಗೇವಿಗೆ ಮಳೆಗಾಲದ ತೇವದ ಭಯವಿತ್ತು, ಅಲ್ಲಿ ಆ ಭಯವಿಲ್ಲ, ತಾತ ತುಂಬಿದ್ದನ್ನು ಮೊಮ್ಮಗ ತೆಗೆದು ತಿನ್ನುತ್ತಾನೆ. ಉಪ್ಪಿನ ಬಯಲಿನ ಉಪ್ಪು ಬೆಟ್ಟದ ಕಡೆಗೆ ಹೋಗುತ್ತದೆ, ಅಲ್ಲಿನ ಆಲೆಮನೆಗಳ ಬೆಲ್ಲ ಇಳಿದು ಬರುತ್ತದೆ. ಒಂದು ಹೊರೆ ಉಪ್ಪಿಗೆ ಎಷ್ಟು ಅಚ್ಚು ಬೆಲ್ಲ ಎಂಬುದರ ಮೇಲೆ ಎರಡು ಯುದ್ಧಗಳಾಗಿವೆ.

ಮರಳಿನಲ್ಲಿ ಮನುಷ್ಯರು ಹೂತುಹೋಗುವ ದೃಶ್ಯ ಏಕೆ ಬರೆಯುವುದಿಲ್ಲ?

ಒಣಮರಳು ಹಾಗೆ ನುಂಗುವುದಿಲ್ಲ. ಕಾಲು ಹೂತುಕೊಳ್ಳುವ ಉಸುಬು ಆಗಬೇಕಾದರೆ ನೀರು ಬೇಕು, ಹೊಳೆಯ ದಂಡೆಯವರಿಗೆ ಇದು ಗೊತ್ತು. ಅದರಲ್ಲೂ ಮನುಷ್ಯನ ದೇಹ ಪೂರ್ತಿ ಮುಳುಗುವುದಿಲ್ಲ, ಸಿಕ್ಕಿಕೊಳ್ಳುತ್ತದೆ.

ಮರಳಿನ ಬಿರುಗಾಳಿ ಹೇಗಿರುತ್ತದೆ?

ಮರಳು ಬೇರೆ, ಧೂಳು ಬೇರೆ. ಮರಳಿನ ಕಣ ಭಾರವಾದದ್ದು, ಕುಪ್ಪಳಿಸುತ್ತ ಹೋಗುತ್ತದೆ, ಹೆಚ್ಚಿನದು ನೆಲದಿಂದ ಒಂದೆರಡು ಮೀಟರಿನ ಒಳಗೇ ಇರುತ್ತದೆ. ಆಕಾಶ ತುಂಬುವುದು ಧೂಳು. ಆದ್ದರಿಂದ ಮಳಲುಸೀಮೆಯ ಕಂಬಗಳೆಲ್ಲ ಮೊಳಕಾಲೆತ್ತರದಲ್ಲಿ ಸವೆದು ಸಣ್ಣಗಾಗಿವೆ. ಬಿರುಗಾಳಿ ಬಂದಾಗ ಮಕ್ಕಳನ್ನು ಎತ್ತಿನ ಬೆನ್ನ ಮೇಲೆ ಕೂರಿಸುತ್ತಾರೆ, ದೊಡ್ಡವರು ಕಂಬಳಿ ಹೊದ್ದು ಗಾಳಿಗೆ ಬೆನ್ನು ಕೊಡುತ್ತಾರೆ. ಕಂಬಳಿ ಅಲ್ಲಿ ಹಗಲಿಗೂ ಬೇಕು, ರಾತ್ರಿಗೂ ಬೇಕು. ಮೋಡವಿಲ್ಲದ ಒಣಗಾಳಿಯಲ್ಲಿ ನೆಲದ ಕಾವು ಬೇಗ ಆರುತ್ತದೆ.

ಬಿಸಿಲುಗುದುರೆಗಳು ನಿಜವಾದ ಪ್ರಾಣಿಗಳೇ?

ಮಳಲುಸೀಮೆಯಲ್ಲಿ ಹೌದು. ನಮ್ಮ ಲೋಕದಲ್ಲಿ ಕಾದ ನೆಲದ ಮೇಲಿನ ಬಿಸಿಗಾಳಿ ಬೆಳಕನ್ನು ಬಾಗಿಸಿ ಆಕಾಶವನ್ನೇ ನೆಲದ ಮೇಲೆ ತೋರಿಸುತ್ತದೆ, ಏಪ್ರಿಲ್ ಮಧ್ಯಾಹ್ನ ಮೈಸೂರು–ಬೆಂಗಳೂರು ರಸ್ತೆಯಲ್ಲಿ ಯಾರು ಬೇಕಾದರೂ ನೋಡಬಹುದು. ಮಳಲುಸೀಮೆಯಲ್ಲಿ ಅವು ಹಿಂಡಾಗಿ ಓಡುತ್ತವೆ, ಹತ್ತಿರ ಹೋದರೆ ಇನ್ನಷ್ಟು ದೂರ ಹೋಗುತ್ತವೆ. ಬಾಯಾರಿದವನಿಗೆ ಕಾಣುತ್ತವೆ, ಹೊಟ್ಟೆತುಂಬ ಕುಡಿದವನಿಗೆ ಕಾಣುವುದಿಲ್ಲ. ನೀರಾಣೆ ಮುರಿದವನು ಮಾತ್ರ ಅವುಗಳನ್ನು ಹಿಡಿಯಬಲ್ಲ, ಹಿಡಿದರೆ ಇಳಿಯಲಾರ.

ದೇವರುಗಳು, ಹಬ್ಬಗಳು?

ದೊಡ್ಡ ಹಬ್ಬ ಒಂದೇ, ಮಳಲೆತ್ತುವ ಹಬ್ಬ. ತಲಕಾಡಿನ ಪಂಚಲಿಂಗ ದರ್ಶನಕ್ಕೆ ಮುನ್ನ ಗುಡಿಗಳ ಸುತ್ತಲಿನ ಮರಳನ್ನು ತೆಗೆಯುತ್ತಾರೆ. ಹಲವು ವರ್ಷಗಳಿಗೊಮ್ಮೆ ಬರುವ ಆ ದರ್ಶನ 2013ರಲ್ಲಿ, ಆಮೇಲೆ 2020ರಲ್ಲಿ ನಡೆಯಿತು. ಅದನ್ನೇ ಬೆಳೆಸಿಕೊಂಡೆವು. ತೆಂಕಣ ಮಳಲುಸೀಮೆಯ ಪ್ರತಿ ಊರಿಗೂ ಮರಳಿನೊಳಗೆ ಒಂದು ಗುಡಿಯಿದೆ. ವರ್ಷಕ್ಕೊಮ್ಮೆ ಊರೆಲ್ಲ ಸೇರಿ, ಬುಟ್ಟಿ ಕೈಯಿಂದ ಕೈಗೆ ದಾಟಿಸಿ, ಗರ್ಭಗುಡಿಯವರೆಗೆ ಮರಳು ತೆಗೆಯುತ್ತಾರೆ. ಒಂದು ರಾತ್ರಿ ದೀಪ ಹಚ್ಚುತ್ತಾರೆ. ಬೆಳಗಾದರೆ ಗಾಳಿ ಮತ್ತೆ ತುಂಬತೊಡಗುತ್ತದೆ. ಆ ರಾತ್ರಿ ಹಾಡುವವರಿದ್ದಾರೆ, ಬೆಳಗಿನವರೆಗೆ ಒಂದೇ ಕಥೆಯನ್ನು ಹಾಡುತ್ತಾರೆ. ಮಂಟೇಸ್ವಾಮಿಯ ಕಥೆ ಹಾಡುವ ನೀಲಗಾರರನ್ನೂ ಮಾದಪ್ಪನ ಕಥೆ ಹಾಡುವ ಕಂಸಾಳೆಯವರನ್ನೂ ಕೇಳಿ ಬೆಳೆದ ಸೀಮೆಯವರು ನಾವು, ಇಡೀ ರಾತ್ರಿಯ ಹಾಡಿಲ್ಲದ ನಾಡನ್ನು ಕಟ್ಟಲು ಬರುವುದಿಲ್ಲ.

ಅರೆಹೊಳೆಗೆ ಕಟ್ಟೆ ಕಟ್ಟಿದ ಮೇಲ್ನಾಡಿನವರು ಖಳರೇ?

ಮಕ್ಕಳು ಹೌದು ಎನ್ನುವ ಉತ್ತರವನ್ನೇ ನಿರೀಕ್ಷಿಸುತ್ತಾರೆ. ನಾನು ಹಾಗೆ ಬರೆಯಲಾರೆ.

ಮಂಡ್ಯ ಜಿಲ್ಲೆಯಲ್ಲಿ ಹುಟ್ಟಿದವರು ಒಂದೇ ಸಮಯಕ್ಕೆ ಎರಡು ಕಡೆಯವರು. ಮದ್ದೂರು, ಮಳವಳ್ಳಿ ಕಡೆಯ ನಾಲೆಯ ಕೊನೆಭಾಗದ ರೈತರಿಗೆ ನೀರು ತಲುಪದಿದ್ದಾಗ ಮೇಲಿನವರ ಮೇಲೆ ಸಿಟ್ಟು ಬರುತ್ತದೆ. ಕಾವೇರಿಯ ವಿಚಾರ ಬಂದಾಗ ಮೇಲಿನವರು ನಾವೇ, ಕೆಳಗೆ ತಂಜಾವೂರಿನ ರೈತ ಕಾಯುತ್ತಿರುತ್ತಾನೆ. 1892ರ ಒಪ್ಪಂದ, 1924ರ ಒಪ್ಪಂದ, 1990ರ ನ್ಯಾಯಮಂಡಳಿ, 2007ರ ಅಂತಿಮ ತೀರ್ಪು, 2018ರ ಸುಪ್ರೀಂ ಕೋರ್ಟ್ ತೀರ್ಪು. ಇಷ್ಟೆಲ್ಲ ಆದ ಮೇಲೂ ಮಳೆ ಕೈಕೊಟ್ಟ ವರ್ಷ ಎರಡೂ ಕಡೆ ಹೊಟ್ಟೆ ಉರಿಯುತ್ತದೆ. ನಮ್ಮ ರೈತನ ಸಂಕಟವನ್ನು ನಾನು ಕಣ್ಣಾರೆ ಕಂಡವನು, ಅದನ್ನು ಎಂದೂ ಹಗುರವಾಗಿ ಮಾತನಾಡುವುದಿಲ್ಲ. ಅದಕ್ಕಾಗಿಯೇ ಕೆಳಗಿನ ರೈತನ ಸಂಕಟವೂ ನಿಜವೆಂದು ನಂಬುತ್ತೇನೆ.

ಆದ್ದರಿಂದ ಕಟ್ಟೆ ಕಟ್ಟಿಸಿದ ಮೇಲ್ನಾಡಿನ ರಾಣಿಗೆ ಒಂದು ಪೂರ್ತಿ ಕಥೆ ಕೊಟ್ಟಿದ್ದೇನೆ. ಅವಳ ನಾಡಿನಲ್ಲಿ ಮೂರು ವರ್ಷ ಬರ ಬಿದ್ದಿತ್ತು, ಮಕ್ಕಳು ಸಾಯುತ್ತಿದ್ದರು. ಅವಳು ಹೊಳೆಯಲ್ಲಿ ಕೈಯಿಟ್ಟು, ಬರ ಮುಗಿದ ದಿನ ತೂಬು ತೆರೆಯುತ್ತೇನೆ ಎಂದು ಕೆಳನಾಡಿನ ನೀರುಗಂಟಿಗೆ ಆಣೆ ಕೊಟ್ಟಳು. ಬರ ಮುಗಿಯಿತು. ಅಷ್ಟರಲ್ಲಿ ಕಟ್ಟೆಯ ಹಿಂದೆ ಹೊಸ ಗದ್ದೆಗಳು ಎದ್ದಿದ್ದವು, ತೂಬು ತೆರೆದರೆ ಅವು ಒಣಗುತ್ತಿದ್ದವು. ಅವಳು ತೆರೆಯಲಿಲ್ಲ. ಇಂದಿಗೂ ಅವಳು ಬಾಯಾರಿಕೊಂಡು ಬದುಕಿದ್ದಾಳೆ, ಆಣೆಯಿಂದ ಬಿಡಿಸಬೇಕಾದ ನೀರುಗಂಟಿ ಸತ್ತು ಏಳು ತಲೆಮಾರಾಗಿದೆ.

ಅವಳನ್ನು ಕ್ಷಮಿಸುವ ಹಕ್ಕು ನೀರುಗಂಟಿಯ ವಂಶಕ್ಕೆ ಇದೆಯೋ, ಊರಿಗಿದೆಯೋ ಎಂಬುದೇ ಈಗ ಬರೆಯುತ್ತಿರುವ ಕಥೆಯ ವಿಷಯ. ಗೆಳೆಯರಲ್ಲಿ ಒಮ್ಮತವಿಲ್ಲ. ಯಾರೂ ಕ್ಷಮಿಸಬೇಕಾಗಿಲ್ಲ, ತೂಬು ತೆರೆದರೆ ಸಾಕು ಎಂಬುದು ನನ್ನ ಪಕ್ಷ.

ನಾನೂ ಮಳಲುಸೀಮೆಯ ಕಥೆ ಬರೆಯಬಹುದೇ?

ಧಾರಾಳವಾಗಿ. ಅನುಮತಿ ಕೇಳಬೇಕಾಗಿಲ್ಲ. ನೀರು ಹುಟ್ಟಿಸುವ ಮಂತ್ರ ತರಬಾರದು, ಆಣೆ ಮುರಿದವರನ್ನು ಸುಮ್ಮನೆ ಬಿಡುಗಡೆ ಮಾಡಬಾರದು, ನೀರುಗಂಟಿಗೆ ಆಸ್ತಿ ಕೊಡಬಾರದು. ಇಷ್ಟು ಪಾಲಿಸಿದರೆ ಉಳಿದದ್ದು ನಿಮ್ಮ ಇಷ್ಟ. ಉಪ್ಪಿನ ಬಯಲಿನ ಆಚೆಗಿನ ಈಶಾನ್ಯ ಮೂಲೆಯನ್ನು ನಕ್ಷೆಯಲ್ಲಿ ಖಾಲಿ ಬಿಟ್ಟಿದ್ದೇವೆ. ಅಲ್ಲಿ ಗಾಳಿ ಮೂರು ದಿಕ್ಕಿನಿಂದ ಬರುತ್ತದೆ, ಆದ್ದರಿಂದ ದಿಬ್ಬಗಳು ನಕ್ಷತ್ರದ ಆಕಾರದವು. ಬಾವಿ ಒಂದೂ ಇಲ್ಲ. ಮೊದಲ ಬಾವಿ ಎಲ್ಲಿ, ಅದನ್ನು ತೋಡಿದವರು ಯಾರು ಎಂಬುದನ್ನು ನೀವು ಬರೆದರೆ ಅದನ್ನೇ ನಕ್ಷೆಯಲ್ಲಿ ಗುರುತು ಮಾಡುತ್ತೇವೆ.